ಒಂಬತ್ತು ರಾತ್ರಿ, ಐದು ಊರು: ಗೈಡ್ ಜೊತೆ ಶ್ರೀಲಂಕಾ ಸುತ್ತುವ ಕ್ರಮ

ನಕ್ಷೆಯಲ್ಲಿ ಶ್ರೀಲಂಕಾ ಪುಟ್ಟದಾಗಿ ಕಾಣುತ್ತದೆ. 65,610 ಚದರ ಕಿ.ಮೀ., ಅಂದರೆ ಹೆಚ್ಚೂಕಡಿಮೆ ಕರ್ನಾಟಕದ ಮೂರನೇ ಒಂದು ಭಾಗ. ಬೆಂಗಳೂರಿನಲ್ಲಿ ವಿಮಾನ ಹತ್ತಿದರೆ ಒಂದೂವರೆ ಗಂಟೆ ಆಸುಪಾಸಿನಲ್ಲಿ ಕೊಲಂಬೊ. ಹಾಗಾಗಿ ಹೊರಡುವವರೆಲ್ಲ ಹಾಕುವ ಲೆಕ್ಕ ಒಂದೇ: ಚಿಕ್ಕ ದ್ವೀಪ ತಾನೆ, ಐದಾರು ದಿನದಲ್ಲಿ ಒಂದು ಸುತ್ತು ಮುಗಿಸಿಬಿಡೋಣ.

ನಾವೂ ಮೊದಲ ಸಲ ಹಾಗೇ ಹೋಗಿದ್ದೆವು. ಆರು ದಿನಕ್ಕೆ ಹದಿನಾಲ್ಕು ಜಾಗ. ಏಜೆನ್ಸಿಯವರು ಕಳಿಸಿದ ಪಟ್ಟಿ ನೋಡಿ ಖುಷಿಯೂ ಆಗಿತ್ತು. ಊರಿಗೆ ಮರಳಿದ ಮೇಲೆ ಚಿಕ್ಕಮ್ಮ ಬಂದು ‘ಏನೇನು ನೋಡಿದಿರಿ?’ ಅಂತ ಕೇಳಿದಾಗ ಅಮ್ಮ ಸ್ವಲ್ಪ ಹೊತ್ತು ಯೋಚಿಸಿ, ‘ವ್ಯಾನಿನ ಮುಂದಿನ ಸೀಟು ನೀಲಿ ಇತ್ತು’ ಅಂದರು. ದಿನಕ್ಕೆ ಏಳೆಂಟು ಗಂಟೆ ಆ ಸೀಟನ್ನೇ ನೋಡಿದ್ದರಲ್ಲ. ಆ ಮಾತು ಮನಸ್ಸಿಗೆ ಚುಚ್ಚಿತು. ಎರಡು ವರ್ಷ ಬಿಟ್ಟು ಅಪ್ಪ, ಅಮ್ಮ, ಅಕ್ಕ, ನಾನು ಮತ್ತೆ ಹೋದೆವು. ಹತ್ತು ದಿನ, ಒಂಬತ್ತು ರಾತ್ರಿ. ತಂಗಿದ್ದು ಐದೇ ಊರಲ್ಲಿ, ಮೊದಲಿನಿಂದ ಕೊನೆಯವರೆಗೆ ಒಬ್ಬರೇ ಗೈಡ್. ಕೆಳಗೆ ಬರೆದಿರುವುದು ಆ ಎರಡನೇ ಪ್ರವಾಸದ ಕ್ರಮ. ಹಿರಿಯರನ್ನು ಅಥವಾ ಮಕ್ಕಳನ್ನು ಕರೆದುಕೊಂಡು ಹೋಗುವವರನ್ನು ಮನಸ್ಸಿನಲ್ಲಿಟ್ಟುಕೊಂಡು ಬರೆದಿದ್ದೇನೆ.

ತಿಂಗಳು ಗೊತ್ತುಮಾಡಿಕೊಳ್ಳಿ

ಈ ದ್ವೀಪಕ್ಕೆ ಎರಡು ಕಡೆಯಿಂದ ಮಳೆ. ಮೇ ತಿಂಗಳಿಂದ ಸೆಪ್ಟೆಂಬರ್‌ವರೆಗೆ ನೈಋತ್ಯ ಮಾರುತ ಪಶ್ಚಿಮ, ದಕ್ಷಿಣ ಕರಾವಳಿ ಮತ್ತು ಬೆಟ್ಟಸೀಮೆಯನ್ನು ತೋಯಿಸುತ್ತದೆ. ಡಿಸೆಂಬರ್‌ನಿಂದ ಫೆಬ್ರುವರಿವರೆಗೆ ಈಶಾನ್ಯ ಮಾರುತ, ಅದರ ಪಾಲು ಹೆಚ್ಚಾಗಿ ಪೂರ್ವಕ್ಕೆ, ಉತ್ತರಕ್ಕೆ. ನಡುವಿನ ಅಕ್ಟೋಬರ್-ನವೆಂಬರ್‌ನಲ್ಲಿ ಎಲ್ಲಿ ಬೇಕಾದರೂ ಗುಡುಗು ಮಳೆ ಬರಬಹುದು. ನಾನು ಹೇಳುವ ದಾರಿಗೆ ಜನವರಿ ಕೊನೆಯಿಂದ ಮಾರ್ಚ್‌ವರೆಗಿನ ಕಾಲ ಒಳ್ಳೆಯದು. ಮಕ್ಕಳ ರಜೆಗೆ ಹೊಂದಿಸಿ ಏಪ್ರಿಲ್‌ನಲ್ಲಿ ಹೋಗುವವರು 13 ಮತ್ತು 14ನೇ ತಾರೀಖಿನ ಆಸುಪಾಸು ಬಿಟ್ಟುಬಿಡಿ. ಅದು ಸಿಂಹಳ-ತಮಿಳು ಹೊಸವರ್ಷ. ಅಂಗಡಿ ಬಾಗಿಲು ಹಾಕಿ ಎಲ್ಲರೂ ತಂತಮ್ಮ ಊರಿಗೆ ಹೊರಟಿರುತ್ತಾರೆ. ಗೈಡ್‌ಗೂ ಮನೆ ಇದೆ, ಹಬ್ಬದ ದಿನ ಅವರನ್ನು ದಾರಿಯ ಮೇಲೆ ಇಟ್ಟುಕೊಳ್ಳುವುದು ಚೆನ್ನಾಗಿರುವುದಿಲ್ಲ.

ಜುಲೈ-ಆಗಸ್ಟ್‌ನಲ್ಲೇ ಹೋಗಬೇಕಾದರೆ ದಕ್ಷಿಣದ ಕಡಲತೀರ ಬಿಟ್ಟು ಪೂರ್ವದ ತ್ರಿಂಕೋಮಲಿ ಸೇರಿಸಿಕೊಳ್ಳಿ. ಕ್ಯಾಂಡಿಯ ಎಸಳ ಪೆರಹರ ಮೆರವಣಿಗೆಯೂ ಆಗಲೇ ನಡೆಯುತ್ತದೆ. ಆನೆ, ಪಂಜು, ಡೋಲು ಎಲ್ಲ ಕಾಣಸಿಗುತ್ತವೆ, ಆದರೆ ಕೋಣೆ ತಿಂಗಳುಗಟ್ಟಲೆ ಮುಂಚೆ ಹಿಡಿಯಬೇಕು.

ಕ್ಯಾಲೆಂಡರಿನಲ್ಲಿ ಇನ್ನೊಂದು ಗುರುತು ಹಾಕಿಕೊಳ್ಳಿ. ಪ್ರತಿ ಹುಣ್ಣಿಮೆ ಅಲ್ಲಿ ‘ಪೋಯ’, ಸರ್ಕಾರಿ ರಜೆ. ಅಂದು ಮದ್ಯ ಮಾರುವುದಿಲ್ಲ. ದೇವಾಲಯಗಳು ಬಿಳಿ ಬಟ್ಟೆಯ ಭಕ್ತರಿಂದ ತುಂಬಿರುತ್ತವೆ. ಜನಜಂಗುಳಿ ಆಗದವರು ಅಂದು ಕ್ಯಾಂಡಿ ತಪ್ಪಿಸಿ. ನನ್ನ ಮನಸ್ಸನ್ನು ಕೇಳಿದರೆ, ಪೋಯದ ಸಂಜೆ ಯಾವುದಾದರೂ ಸಣ್ಣ ಊರಿನ ವಿಹಾರದಲ್ಲಿ ಅರ್ಧ ಗಂಟೆ ಕೂತು ಬರುವುದು ಟಿಕೆಟ್ ಕೊಟ್ಟು ನೋಡುವ ಎಷ್ಟೋ ಜಾಗಗಳಿಗಿಂತ ಮೇಲು.

ಪಟ್ಟಿಯಿಂದ ಅರ್ಧ ಹೊಡೆದುಹಾಕಿ

ನಾವು ಹೋದ ದಾರಿ ಇದು. ಕಟುನಾಯಕ ವಿಮಾನ ನಿಲ್ದಾಣದಿಂದ ನೇರ ಸಿಗಿರಿಯಾ, ಅಲ್ಲಿ ಮೂರು ರಾತ್ರಿ. ಕ್ಯಾಂಡಿಯಲ್ಲಿ ಎರಡು. ಎಲ್ಲದಲ್ಲಿ ಎರಡು (‘ಎಲ್ಲ’ ಅನ್ನುವುದು ಬೆಟ್ಟದ ಮೇಲಿನ ಒಂದು ಪುಟ್ಟ ಊರು). ಉಡವಲವೆಯಲ್ಲಿ ಒಂದು, ಗಾಲೆಯಲ್ಲಿ ಒಂದು. ಸುತ್ತಾಟವೆಲ್ಲ ಸೇರಿ ಸುಮಾರು 900 ಕಿ.ಮೀ.

ಹತ್ತು ದಿನಕ್ಕೆ 900 ಕಿ.ಮೀ. ಏನು ಮಹಾ ಅನ್ನಿಸಬಹುದು. ಕೊಲಂಬೊ ಸುತ್ತಮುತ್ತ ಮತ್ತು ದಕ್ಷಿಣದ ಕಡೆ ಎಕ್ಸ್‌ಪ್ರೆಸ್‌ವೇ ಇದೆ. ಈ ಸುತ್ತಿನ ಉಳಿದ ದಾರಿ ಬಹುಪಾಲು ಊರೊಳಗೆ ಹಾದುಹೋಗುವ ಎರಡು ಪಥದ ರಸ್ತೆ. ರಸ್ತೆ ನಯವಾಗಿದೆ, ಆದರೆ ಬಸ್ಸು, ಆಟೊ, ಶಾಲೆ ಬಿಟ್ಟ ಮಕ್ಕಳು, ನಾಯಿ ಎಲ್ಲ ಅದರ ಮೇಲೆಯೇ. ಬೆಟ್ಟದಲ್ಲಿ ಗಂಟೆಗೆ 30 ಕಿ.ಮೀ. ಸಾಗಿದರೆ ಹೆಚ್ಚು. ಆಗುಂಬೆ ಘಾಟಿ ದಿನಗಟ್ಟಲೆ ಮುಂದುವರಿದರೆ ಹೇಗಿರುತ್ತದೆ ಅಂತ ಊಹಿಸಿಕೊಳ್ಳಿ. ಆದ್ದರಿಂದ ದೂರವನ್ನು ಕಿಲೋಮೀಟರಿನಲ್ಲಿ ಅಳೆಯಬೇಡಿ, ಗಂಟೆಯಲ್ಲಿ ಅಳೆಯಿರಿ. ದಿನಕ್ಕೆ ನಾಲ್ಕು ಗಂಟೆಗಿಂತ ಹೆಚ್ಚು ವ್ಯಾನಿನಲ್ಲಿ ಕೂರಿಸುವ ಯೋಜನೆ ಯಾರು ಕೊಟ್ಟರೂ ವಾಪಸ್ ಕಳಿಸಿ.

ಈ ಸುತ್ತಿನಲ್ಲಿ ಅನುರಾಧಪುರ ಇಲ್ಲ, ಜಾಫ್ನಾ ಇಲ್ಲ, ಶ್ರೀಪಾದ ಇಲ್ಲ. ಅನುರಾಧಪುರ ಬಿಟ್ಟಿದ್ದಕ್ಕೆ ನನಗೆ ಈಗಲೂ ಸಂಕಟವಿದೆ. ಸಾವಿರ ವರ್ಷಕ್ಕೂ ಮಿಕ್ಕಿ ರಾಜಧಾನಿಯಾಗಿದ್ದ ಊರು, ಸಂಘಮಿತ್ರೆ ತಂದ ಬೋಧಿ ಸಸಿಯಿಂದ ಬೆಳೆದದ್ದೆಂದು ಜನ ಪೂಜಿಸುವ ಮರ ಇರುವ ಜಾಗ. ಆದರೆ ಅದನ್ನು ಸೇರಿಸಿದರೆ ಪೊಲೊನ್ನರುವ ಅವಸರದಲ್ಲಿ ಮುಗಿಯುತ್ತಿತ್ತು. ಒಂದನ್ನು ಬಿಟ್ಟು ಇನ್ನೊಂದನ್ನು ನೆಮ್ಮದಿಯಾಗಿ ನೋಡುವುದೇ ಸರಿ ಅನ್ನಿಸಿತು.

ಗೈಡ್ ಆರಿಸುವುದು

ಇಡೀ ಪ್ರವಾಸದಲ್ಲಿ ಇದಕ್ಕಿಂತ ದೊಡ್ಡ ತೀರ್ಮಾನ ಇಲ್ಲ. ಹೋಟೆಲು ಸರಿಯಿಲ್ಲದಿದ್ದರೆ ಒಂದು ರಾತ್ರಿ ಕೆಡುತ್ತದೆ. ಗೈಡ್ ಸರಿಹೋಗದಿದ್ದರೆ ಹತ್ತೂ ದಿನ ಕೆಡುತ್ತದೆ.

ಶ್ರೀಲಂಕಾ ಪ್ರವಾಸೋದ್ಯಮ ಅಭಿವೃದ್ಧಿ ಪ್ರಾಧಿಕಾರ ಗೈಡ್‌ಗಳಿಗೆ ತರಬೇತಿ ಕೊಟ್ಟು ಪರವಾನಗಿ ಕೊಡುತ್ತದೆ. ದೇಶವಿಡೀ ಕರೆದೊಯ್ಯುವ ರಾಷ್ಟ್ರೀಯ ಗೈಡ್, ವಾಹನ ಓಡಿಸುತ್ತಲೇ ವಿವರಿಸುವ ಷೋಫರ್ ಗೈಡ್, ಒಂದು ಪ್ರದೇಶಕ್ಕೆ ಅಥವಾ ಒಂದೇ ಸ್ಥಳಕ್ಕೆ ಸೀಮಿತವಾದ ಗೈಡ್, ಹೀಗೆ ಬಗೆಗಳಿವೆ. ದೊಡ್ಡ ಬಸ್ಸಿನ ತಂಡಕ್ಕೆ ಚಾಲಕರು ಬೇರೆ, ರಾಷ್ಟ್ರೀಯ ಗೈಡ್ ಬೇರೆ. ನಾಲ್ಕೈದು ಜನದ ಸಂಸಾರಕ್ಕೆ ಷೋಫರ್ ಗೈಡ್ ಸಾಕು. ಬರೀ ಚಾಲಕರು ಇದಕ್ಕಿಂತ ಅಗ್ಗ, ಆದರೆ ಅವರ ಕೆಲಸ ನಿಮ್ಮನ್ನು ಬಾಗಿಲವರೆಗೆ ಬಿಡುವುದು. ಯಾರನ್ನು ಗೊತ್ತುಮಾಡುತ್ತಿದ್ದೀರಿ ಅನ್ನುವುದು ಮೊದಲೇ ಸ್ಪಷ್ಟವಾಗಿರಲಿ, ಪರವಾನಗಿಯ ಫೋಟೊ ಕಳಿಸಲು ಕೇಳಿ. ಒಳ್ಳೆಯ ಗೈಡ್‌ಗಳು ಇದನ್ನು ತಪ್ಪಾಗಿ ತಿಳಿಯುವುದಿಲ್ಲ.

ಮುಂಗಡ ಕೊಡುವ ಮುಂಚೆ ಒಂದು ವಿಡಿಯೊ ಕರೆ ಮಾಡಿ. ಏಜೆನ್ಸಿಯವರ ಜೊತೆ ಅಲ್ಲ, ನಿಮ್ಮ ಜೊತೆ ಬರುವವರ ಜೊತೆಯೇ. ಅಪ್ಪ ಕೇಳಿದ ಮೊದಲ ಪ್ರಶ್ನೆ ‘ನಿಮ್ಮ ಊರು ಯಾವುದು?’ ಎರಡನೆಯದು, ‘ನಮ್ಮ ವಯಸ್ಸಿನವರಿಗೆ ಈ ಪಟ್ಟಿಯಲ್ಲಿ ಯಾವುದು ಬೇಡ?’ ಈ ಎರಡನೇ ಪ್ರಶ್ನೆಯನ್ನು ನೀವೂ ಕೇಳಿ ನೋಡಿ. ‘ಎಲ್ಲಾ ಆಗುತ್ತದೆ ಸರ್’ ಅನ್ನುವವರನ್ನು ಬಿಡಿ. ನಮ್ಮವರು ಸ್ವಲ್ಪ ತಡೆದು, ‘ಅಮ್ಮನ ಮಂಡಿ ಹೇಗಿದೆ?’ ಅಂದರು. ಅಲ್ಲಿಗೆ ಅವರನ್ನೇ ಗೊತ್ತುಮಾಡಿದೆವು. ತಮಿಳು ಬರುವ ಗೈಡ್‌ಗಳೂ ಸಿಗುತ್ತಾರೆ. ಇಂಗ್ಲಿಷ್ ಅಷ್ಟಾಗಿ ಬಾರದ, ಬೆಂಗಳೂರಿನಲ್ಲಿದ್ದು ತಮಿಳು ಕಲಿತ ಹಿರಿಯರಿಗೆ ಅದು ದೊಡ್ಡ ಅನುಕೂಲ.

ದರಪಟ್ಟಿ ತರಿಸಿಕೊಂಡಾಗ ಮೊತ್ತಕ್ಕಿಂತ ಮೊದಲು ಏನು ಸೇರಿದೆ, ಏನಿಲ್ಲ ಅಂತ ಓದಿ. ದಿನಕ್ಕೆ ಇಷ್ಟು ಅಂದರೆ ಎಷ್ಟು ಕಿಲೋಮೀಟರಿಗೆ? ಇಂಧನ, ಟೋಲ್, ಪಾರ್ಕಿಂಗ್ ಯಾರದು? ಪ್ರವೇಶ ಟಿಕೆಟ್‌ಗಳು? ಸಫಾರಿ ಜೀಪು? ವ್ಯಾನು ಕೆಟ್ಟರೆ ಬದಲಿ ಎಷ್ಟು ಹೊತ್ತಿನಲ್ಲಿ? ಎಲ್ಲಕ್ಕಿಂತ ಮುಖ್ಯವಾಗಿ, ಗೈಡ್ ರಾತ್ರಿ ಎಲ್ಲಿ ಮಲಗುತ್ತಾರೆ? ದೊಡ್ಡ ಹೋಟೆಲುಗಳಲ್ಲಿ ಚಾಲಕರಿಗೆಂದೇ ಕೋಣೆ ಇರುತ್ತದೆ. ಸಣ್ಣ ಗೆಸ್ಟ್ ಹೌಸ್‌ಗಳಲ್ಲಿ ಅನೇಕ ಕಡೆ ಇರುವುದಿಲ್ಲ. ಈ ಮಾತು ಬಗೆಹರಿಯದಿದ್ದರೆ ಅವರು ವ್ಯಾನಿನಲ್ಲೇ ಮಲಗುತ್ತಾರೆ, ಮಾರನೇ ದಿನ ಅರೆನಿದ್ದೆಯಲ್ಲಿ ನಿಮ್ಮನ್ನು ಬೆಟ್ಟ ಹತ್ತಿಸುತ್ತಾರೆ. ಅವರ ಊಟ-ವಸತಿಯ ಬಾಟಾ ದರದಲ್ಲಿ ಸೇರಿದೆಯೋ ಇಲ್ಲವೋ ಬರಹದಲ್ಲಿ ತೆಗೆದುಕೊಳ್ಳಿ. ಮೊದಲ ಪ್ರವಾಸದಲ್ಲಿ ಇದನ್ನು ಕೇಳಬೇಕೆಂದೇ ನಮಗೆ ಹೊಳೆದಿರಲಿಲ್ಲ. ನಾಲ್ಕನೇ ದಿನ ಬೆಳಿಗ್ಗೆ ವ್ಯಾನಿನ ಹಿಂದಿನ ಸೀಟಿನಲ್ಲಿ ಮಡಿಸಿಟ್ಟ ಬೆಡ್‌ಶೀಟು ನೋಡಿದಾಗ ಗೊತ್ತಾಯಿತು.

ಕಾಗದಪತ್ರ, ದುಡ್ಡು

ಹೊರಡುವ ಮುಂಚೆ ಇಟಿಎ ಎಂಬ ಪ್ರವೇಶ ಅನುಮತಿಯನ್ನು ಆನ್‌ಲೈನಿನಲ್ಲಿ ಪಡೆಯಬೇಕು. ಇದರ ಶುಲ್ಕ, ನಿಯಮ ಈಚಿನ ವರ್ಷಗಳಲ್ಲಿ ಪದೇ ಪದೇ ಬದಲಾಗಿವೆ. ಹಾಗಾಗಿ ಪರಿಚಯದವರು ಹೇಳಿದ್ದನ್ನು ನಂಬದೆ, ಟಿಕೆಟ್ ಮಾಡಿಸುವ ವಾರ ಶ್ರೀಲಂಕಾ ವಲಸೆ ಇಲಾಖೆಯ ಅಧಿಕೃತ ತಾಣದಲ್ಲೇ ನೋಡಿ. ಅದೇ ಹೆಸರಿನ ಹೋಲಿಕೆಯ ಖಾಸಗಿ ತಾಣಗಳು ಹೆಚ್ಚು ಹಣ ಕೀಳುತ್ತವೆ, ಎಚ್ಚರ. ಪಾಸ್‌ಪೋರ್ಟಿಗೆ ಇನ್ನೂ ಆರು ತಿಂಗಳ ಅವಧಿ ಇರಲಿ.

ನಮ್ಮ ಒಂದು ರೂಪಾಯಿಗೆ ಅಲ್ಲಿನ ಮೂರಕ್ಕಿಂತ ಸ್ವಲ್ಪ ಹೆಚ್ಚು ರೂಪಾಯಿ ಬರುತ್ತದೆ. ಎಳನೀರಿನ ಬೆಲೆ ಕೇಳಿ ಗಾಬರಿಯಾಗಬೇಡಿ, ಮೂರರಿಂದ ಭಾಗಿಸಿ. 2024ರ ಫೆಬ್ರುವರಿಯಿಂದ ನಮ್ಮ ಯುಪಿಐ ಅಲ್ಲಿಯೂ ನಡೆಯುತ್ತದೆ, ಆದರೆ ಕ್ಯೂಆರ್ ಫಲಕ ಇರುವ ಕಡೆ ಮಾತ್ರ. ಸಫಾರಿ ಜೀಪಿನವರಿಗೆ, ದಾರಿಬದಿಯ ಊಟಕ್ಕೆ ನಗದು ಇಟ್ಟುಕೊಳ್ಳಿ. ಸಿಮ್ ಕಾರ್ಡನ್ನು ವಿಮಾನ ನಿಲ್ದಾಣದಲ್ಲೇ ಕೊಂಡರೆ ಮುಗಿಯಿತು. ಗಡಿಯಾರ ತಿದ್ದುವ ಕೆಲಸವಿಲ್ಲ, ನಮ್ಮದೇ ಸಮಯ.

ಮೂಲ ಪಾಸ್‌ಪೋರ್ಟ್ ಸದಾ ಕೈಚೀಲದಲ್ಲಿರಲಿ. ಸಿಗಿರಿಯಾ, ಪೊಲೊನ್ನರುವದಂಥ ಕಡೆ ಭಾರತ ಸೇರಿದ ಸಾರ್ಕ್ ಗುಂಪಿನ ದೇಶದವರಿಗೆ ಉಳಿದ ವಿದೇಶಿಯರಿಗಿಂತ ಕಡಿಮೆ ದರ, ಅದಕ್ಕೆ ಪಾಸ್‌ಪೋರ್ಟ್ ತೋರಿಸಬೇಕು. ಅಮೆರಿಕ, ಇಂಗ್ಲೆಂಡಿನಿಂದ ಬಂದು ಮನೆಮಂದಿಯ ಜೊತೆ ಸೇರಿಕೊಳ್ಳುವ ಮಕ್ಕಳು ಅಲ್ಲಿನ ಪಾಸ್‌ಪೋರ್ಟ್ ಹೊಂದಿದ್ದರೆ ಪೂರ್ತಿ ದರ ಕೊಡಬೇಕಾಗುತ್ತದೆ. ಖರ್ಚಿನ ಲೆಕ್ಕದಲ್ಲಿ ಅದನ್ನು ಸೇರಿಸಿಕೊಳ್ಳಿ.

ಒಂದರಿಂದ ಮೂರು: ಸಿಗಿರಿಯಾ, ಪೊಲೊನ್ನರುವ

ವಿಮಾನ ನಿಲ್ದಾಣ ಕೊಲಂಬೊ ನಗರದಲ್ಲಿಲ್ಲ, ಅದರ ಉತ್ತರಕ್ಕೆ ಮೂವತ್ತು ಕಿಲೋಮೀಟರಿಗೂ ಆಚೆ ಕಟುನಾಯಕದಲ್ಲಿದೆ. ಬೆಳಿಗ್ಗೆ ಇಳಿದವರು ಕೊಲಂಬೊಗೆ ಹೋಗದೆ ನೇರ ಸಿಗಿರಿಯಾ ದಾರಿ ಹಿಡಿಯಿರಿ, ಸುಮಾರು ನಾಲ್ಕು ಗಂಟೆ. ರಾತ್ರಿ ಇಳಿಯುವವರು ಪಕ್ಕದ ನೆಗೊಂಬೊದಲ್ಲಿ ಮಲಗಿ ಬೆಳಿಗ್ಗೆ ಹೊರಡಿ. ಮೊದಲ ದಿನ ಬೇರೆ ಏನೂ ಇಟ್ಟುಕೊಳ್ಳಬೇಡಿ.

ಎರಡನೇ ದಿನ ಬಾಗಿಲು ತೆರೆಯುವ ಹೊತ್ತಿಗೆ ಸಿಗಿರಿಯಾ ಬಂಡೆಯ ಬುಡದಲ್ಲಿರಬೇಕು. ಸುಮಾರು 1,200 ಮೆಟ್ಟಿಲು. ಒಂಬತ್ತರ ನಂತರ ಬಿಸಿಲೂ ಹೆಚ್ಚು, ಇಕ್ಕಟ್ಟಿನ ಕಬ್ಬಿಣದ ಮೆಟ್ಟಿಲಲ್ಲಿ ಸರದಿಯೂ ಹೆಚ್ಚು. 5ನೇ ಶತಮಾನದಲ್ಲಿ ಕಾಶ್ಯಪ ತಂದೆ ಧಾತುಸೇನನನ್ನು ಕೊಲ್ಲಿಸಿ ಪಟ್ಟಕ್ಕೆ ಬಂದ. ಅಣ್ಣತಮ್ಮಂದಿರ ಜಗಳದಲ್ಲಿ ಮೊಗ್ಗಲ್ಲಾನ ದಕ್ಷಿಣ ಭಾರತಕ್ಕೆ ಓಡಿಹೋದ. ಅವನು ಸೈನ್ಯ ಕಟ್ಟಿಕೊಂಡು ಬಂದಾನೆಂಬ ಭಯ ಕಾಶ್ಯಪನದು. ಆ ಭಯ ಹೊತ್ತುಕೊಂಡೇ ಈ ಬಂಡೆಯ ನೆತ್ತಿಯ ಮೇಲೆ ಅರಮನೆ ಕಟ್ಟಿದ. ಮೊಗ್ಗಲ್ಲಾನ ಬಂದೇ ಬಂದ.

ನಡುದಾರಿಯಲ್ಲಿ ಚಿತ್ರದ ಹೆಂಗಸರು. ಅಲ್ಲಿ ಫೋಟೊ ತೆಗೆಯುವಂತಿಲ್ಲ. ಅದರ ಪಕ್ಕದ ಕನ್ನಡಿಗೋಡೆಯ ಬಳಿ ಗೈಡ್ ನಮ್ಮನ್ನು ನಿಲ್ಲಿಸಿ ಕಣ್ಣು ಹತ್ತಿರ ತರಲು ಹೇಳಿದರು. ಮಾಸಿದ ಗಾರೆಯ ಮೇಲೆ ಸೂಜಿಯಲ್ಲಿ ಗೀರಿದಂಥ ಸಾಲುಗಳು. ನೂರಾರು ವರ್ಷಗಳ ಕಾಲ ಬಂದ ಯಾತ್ರಿಕರು ಆ ಚಿತ್ರದ ಹೆಂಗಸರ ಮೇಲೆ ಗೀಚಿಹೋದ ಪದ್ಯಗಳು ಅವು. ಸೆನರತ್ ಪರಣವಿತಾನ ಎಂಬ ವಿದ್ವಾಂಸರು ಅವುಗಳಲ್ಲಿ 685 ಪದ್ಯಗಳನ್ನು ಓದಿ ಪ್ರಕಟಿಸಿದರು. ಅಕ್ಕ ಅಲ್ಲಿಂದ ಕದಲಲಿಲ್ಲ. ಹಿಂದೆ ಸರದಿ ಬೆಳೆಯುತ್ತಿದ್ದರೂ ಗೈಡ್ ಒಂದು ಪದ್ಯದ ಅರ್ಥವನ್ನು ಮೆಲ್ಲಗೆ ಹೇಳಿ ಮುಗಿಸಿದರು. ಪರವಾನಗಿ ಇರುವ ಗೈಡ್‌ಗೆ ಕೊಡುವ ದುಡ್ಡು ಇಂಥ ಕಡೆ ಸಾರ್ಥಕವಾಗುತ್ತದೆ.

ಬಂಡೆಯ ಪಕ್ಕಗಳಲ್ಲಿ ಹೆಜ್ಜೇನು ಕಟ್ಟಿರುತ್ತದೆ, ಗಲಾಟೆ ಮಾಡಬೇಡಿ ಅನ್ನುವ ಫಲಕಗಳಿವೆ. ಮಲೆನಾಡಿನವರಿಗೆ ಬಿಡಿಸಿ ಹೇಳಬೇಕಿಲ್ಲ. ಅಮ್ಮನ ಮಂಡಿ ಕೊನೆಯ ಮೆಟ್ಟಿಲುಗಳ ಬುಡದಲ್ಲಿರುವ ದೊಡ್ಡ ಸಿಂಹದ ಪಾದದವರೆಗೂ ಬರಲು ಒಪ್ಪಲಿಲ್ಲ. ಗೈಡ್ ಅವರನ್ನು ಕೆಳಗಿನ ಜಲೋದ್ಯಾನದಲ್ಲಿ ಕೂರಿಸಿ, ಮಳೆ ಬಂದಾಗ ಅಲ್ಲಿನ ಕಾರಂಜಿಗಳು ಈಗಲೂ ಚಿಮ್ಮುತ್ತವೆ ಎಂದು ಕಲ್ಲಿನಲ್ಲಿ ಕೊರೆದ ತೂತುಗಳನ್ನು ತೋರಿಸಿ, ಆಮೇಲೆ ನಮ್ಮ ಜೊತೆ ಹತ್ತಿದರು.

ಮೂರನೇ ದಿನ ಪೊಲೊನ್ನರುವ, ಒಂದೂವರೆ ಗಂಟೆ ದಾರಿ. ಇಲ್ಲಿ ಬಿಸಿಲಿನಲ್ಲಿ ಎಲ್ಲ ಗುಡಿ ನೋಡುವ ಹಟ ಬೇಡ. ಗಲ್ ವಿಹಾರ ಒಂದಕ್ಕೇ ಒಂದು ಗಂಟೆ ಕೊಡಿ. ಒಂದೇ ಬಂಡೆಯಲ್ಲಿ ಕೂತ, ನಿಂತ, ಮಲಗಿದ ಬುದ್ಧರು. ಮಲಗಿದ ಬುದ್ಧನ ತಲೆಯ ಕೆಳಗಿನ ದಿಂಬು ನೋಡಿ: ತಲೆಯ ಭಾರಕ್ಕೆ ಅದು ಸ್ವಲ್ಪ ತಗ್ಗಿದೆ. ಕಲ್ಲಿನ ದಿಂಬು!

ಕನ್ನಡಿಗರು ಇಲ್ಲಿ ಇನ್ನೊಂದು ವಿಷಯ ತಿಳಿದಿರಬೇಕು. ಚೋಳರು ಸಿಂಹಳ ಗೆದ್ದು ಪೊಲೊನ್ನರುವದಿಂದ ಆಳಿದರು. ಅವರು ಕಟ್ಟಿದ ಶಿವಾಲಯ ಇನ್ನೂ ಇದೆ. 1070ರಲ್ಲಿ ಅವರನ್ನು ಹೊರಗಟ್ಟಿದವನು ಒಂದನೇ ವಿಜಯಬಾಹು. ಅವನಿಗೆ ‘ಕನ್ನಾಟ’ ದೇಶದ ರಾಜನಿಂದ ಕಾಣಿಕೆ ಹೊತ್ತ ದೂತರು ಬಂದಿದ್ದರೆಂದು ಸಿಂಹಳದ ಹಳೆಯ ಚರಿತ್ರೆ ಹೇಳುತ್ತದೆ. ಆ ರಾಜ ಕಲ್ಯಾಣದ ಆರನೇ ವಿಕ್ರಮಾದಿತ್ಯ ಎಂಬುದು ಇತಿಹಾಸಕಾರರ ಅಭಿಪ್ರಾಯ. ವಿಜಯಬಾಹು ತಿರುಗಿ ಕಳಿಸಿದ ದೂತರನ್ನು ಚೋಳರು ನಡುದಾರಿಯಲ್ಲಿ ಹಿಡಿದು ಕಿವಿ-ಮೂಗು ಕೊಯ್ದರಂತೆ. ಇಬ್ಬರಿಗೂ ಶತ್ರು ಒಬ್ಬನೇ, ಸ್ನೇಹ ಹುಟ್ಟಿದ್ದು ಹಾಗೆ. ಪರಾಕ್ರಮ ಸಮುದ್ರದ ಏರಿಯ ಮೇಲೆ ನಿಂತು ಗೈಡ್‌ಗೆ ನಾನೇ ಈ ಕತೆ ಹೇಳಿದೆ. ಅವರು ನೋಟ್‌ಬುಕ್ ತೆಗೆದು ‘ಕಲ್ಯಾಣ’ ಎಂದು ಬರೆದುಕೊಂಡರು. ನಮ್ಮ ಸೂಳೆಕೆರೆ ಕಂಡವರಿಗೆ ಆ ಕೆರೆಯ ಮೇಲೆ ಕೂಡಲೇ ಮಮತೆ ಬರುತ್ತದೆ.

ನಾಲ್ಕು, ಐದು: ದಂಬುಲ್ಲ ದಾಟಿ ಕ್ಯಾಂಡಿ

ಕ್ಯಾಂಡಿಗೆ ಹೋಗುವ ದಾರಿಯಲ್ಲೇ ದಂಬುಲ್ಲ ಸಿಗುತ್ತದೆ, ಐದು ಗುಹೆಗಳ ದೇವಾಲಯ. ಚಪ್ಪಲಿ ಬಿಟ್ಟು ಬರಿಗಾಲಲ್ಲಿ ಕಾದ ಬಂಡೆಯ ಮೇಲೆ ನಡೆಯಬೇಕು, ದಪ್ಪ ಕಾಲುಚೀಲ ಒಯ್ಯಿರಿ. ಭುಜ, ಮಂಡಿ ಮುಚ್ಚುವ ಬಟ್ಟೆ ಎಲ್ಲ ವಿಹಾರಗಳಲ್ಲೂ ಕಡ್ಡಾಯ. ಬುದ್ಧನಿಗೆ ಬೆನ್ನು ಮಾಡಿ ನಿಂತು ಸೆಲ್ಫಿ ತೆಗೆಯಬಾರದು. ಇದನ್ನು ಅವರು ನಿಜವಾದ ಅವಮಾನವೆಂದು ತಿಳಿಯುತ್ತಾರೆ. ಪಕ್ಕಕ್ಕೆ ನಿಂತು, ಮೂರ್ತಿಯ ಕಡೆ ಮುಖ ಮಾಡಿ ತೆಗೆಸಿಕೊಳ್ಳಿ.

ಮಾತಳೆ ಸುತ್ತಮುತ್ತ ‘ಮಸಾಲೆ ತೋಟ’ಗಳ ಸಾಲು. ಏಲಕ್ಕಿ, ಮೆಣಸು, ದಾಲ್ಚಿನ್ನಿ ತೋರಿಸಿ, ಕೊನೆಗೆ ಎಣ್ಣೆ-ಮುಲಾಮು ಕೊಳ್ಳುವಂತೆ ಒತ್ತಾಯಿಸುವುದು ವಾಡಿಕೆ. ಕ್ಯಾಂಡಿಯಲ್ಲಿ ಅದೇ ಬಗೆಯ ರತ್ನದ ಅಂಗಡಿಗಳು. ಇಲ್ಲಿ ಗೈಡ್‌ಗಳಿಗೆ ಕಮಿಷನ್ ಸಿಗುತ್ತದೆ, ಅನೇಕರ ಸಂಪಾದನೆಯ ಒಂದು ಪಾಲು ಅದು. ಆದ್ದರಿಂದ ಸಿಟ್ಟು ಮಾಡಬೇಕಿಲ್ಲ, ಮೊದಲ ದಿನವೇ ಮರ್ಯಾದೆಯಿಂದ ಹೇಳಿಬಿಡಿ: ‘ನಮಗೆ ಅಂಗಡಿ ಬೇಡ. ಒಂದು ಚಹಾ ಕಾರ್ಖಾನೆ ಮಾತ್ರ ಸಾಕು. ಕೊನೆಯಲ್ಲಿ ನಿಮ್ಮನ್ನು ನಾವು ನೋಡಿಕೊಳ್ಳುತ್ತೇವೆ.’ ನಾವು ಹೀಗೆ ಹೇಳಿದ ಮೇಲೆ ಒಂದು ಕಡೆಯೂ ವ್ಯಾನು ನಿಲ್ಲಲಿಲ್ಲ. ಮಸಾಲೆ ತೋಟ ನೋಡಲೇಬೇಕು ಅನ್ನುವ ಶಿರಸಿ, ಮೂಡಿಗೆರೆಯವರು ಇದ್ದಾರೆಯೇ?

ಕ್ಯಾಂಡಿಯ ದಳದಾ ಮಾಳಿಗಾವದಲ್ಲಿ ಬುದ್ಧನ ದಂತಧಾತು ಇದೆ. ದಂತ ಕಾಣುವುದಿಲ್ಲ, ಅದನ್ನಿಟ್ಟ ಕರಂಡಕ ಕಾಣುತ್ತದೆ. ಆ ಕೋಣೆಯ ಬಾಗಿಲು ತೆಗೆಯುವುದು ದಿನಕ್ಕೆ ಮೂರು ಪೂಜೆಯ ಹೊತ್ತಿನಲ್ಲಿ, ನಸುಕು, ಬೆಳಿಗ್ಗೆ, ಸಂಜೆ. ನಾಲ್ಕನೇ ದಿನ ಸಂಜೆಯ ಪೂಜೆಗೆ ಹೋಗಿ, ಆರೂವರೆಯ ಸುಮಾರಿಗೆ. ಒಂದು ಗಂಟೆ ಮುಂಚೆ ಮಹಡಿಯಲ್ಲಿ ನಿಲ್ಲಬೇಕು. ಕೆಳಗೆ ಡೋಲು ಶುರುವಾದಾಗ ಮರದ ನೆಲ ಕಾಲಡಿಯಲ್ಲಿ ಅದುರುತ್ತದೆ. ಪಕ್ಕದಲ್ಲಿದ್ದ ಅಜ್ಜಿಯೊಬ್ಬರು ತಮ್ಮ ತಟ್ಟೆಯಿಂದ ಎರಡು ನೀಲಿ ನೈದಿಲೆ ತೆಗೆದು ಅಮ್ಮನ ಕೈಗಿಟ್ಟರು, ಮಾತಿಲ್ಲದೆ.

ಐದನೇ ದಿನ ಪೆರಾದೆನಿಯ ಸಸ್ಯೋದ್ಯಾನ. 147 ಎಕರೆ. ಬೆಳಿಗ್ಗೆ ಹೋಗಿ, ಮಧ್ಯಾಹ್ನ ಕೋಣೆಯಲ್ಲಿ ನಿದ್ದೆ ಮಾಡಿ. ಆ ಮಧ್ಯಾಹ್ನ ಗೈಡ್‌ಗೂ ಬಿಡುವು ಕೊಡಿ. ಹತ್ತು ದಿನದ ನಡುವೆ ಅರ್ಧ ದಿನ ಅವರಿಗೆ ಬಟ್ಟೆ ಒಗೆಯಲು, ಮನೆಗೆ ಮಾತಾಡಲು ಬೇಕು.

ಆರು, ಏಳು: ರೈಲು, ಚಹಾ, ಎಲ್ಲ

ಕ್ಯಾಂಡಿಯಿಂದ ಎಲ್ಲಕ್ಕೆ ಹೋಗುವ ರೈಲು ನಿಧಾನ, ಏಳು ಗಂಟೆವರೆಗೂ ಹಿಡಿಯುತ್ತದೆ. ಹಿರಿಯರಿಗೆ ಅಷ್ಟು ಬೇಡ. ನಾನು ಹೇಳುವುದು: ‘ನಾನು ಓಯ’ ಎಂಬ ನಿಲ್ದಾಣದವರೆಗೆ ವ್ಯಾನು, ಅಲ್ಲಿಂದ ಎಲ್ಲದವರೆಗೆ ರೈಲು. ದ್ವೀಪದ ಅತಿ ಎತ್ತರದ ಪಟ್ಟಿಪೊಳ ನಿಲ್ದಾಣವೂ ಈ ಭಾಗದಲ್ಲೇ ಬರುತ್ತದೆ. ಕಾಯ್ದಿರಿಸುವ ಟಿಕೆಟ್ ಒಂದು ತಿಂಗಳ ಮುಂಚೆ ತೆರೆಯುತ್ತದೆ, ಬೇಗ ಮುಗಿದೂ ಹೋಗುತ್ತದೆ. ಮುಂಗಡ ಕೊಡುವಾಗಲೇ ಇದನ್ನು ಗೈಡ್‌ಗೆ ಒಪ್ಪಿಸಿ. ಸಾಮಾನು ಹೊತ್ತ ವ್ಯಾನು ರಸ್ತೆಯಲ್ಲಿ ಬಂದು ‘ಎಲ್ಲ’ದ ನಿಲ್ದಾಣದಲ್ಲಿ ಕಾಯುತ್ತದೆ.

2025ರ ನವೆಂಬರ್ ಕೊನೆಯಲ್ಲಿ ದಿತ್ವಾ ಚಂಡಮಾರುತ ಈ ಬೆಟ್ಟಸೀಮೆಯನ್ನು ನುಚ್ಚುನೂರು ಮಾಡಿತು. ಭೂಕುಸಿತದಲ್ಲಿ ನೂರಾರು ಜನ ಸತ್ತರು, ರೈಲು ಮಾರ್ಗಕ್ಕೂ ಪೆಟ್ಟು ಬಿತ್ತು. ಹಾಗಾಗಿ ರೈಲು ಯಾವ ನಿಲ್ದಾಣದಿಂದ ಯಾವ ನಿಲ್ದಾಣದವರೆಗೆ ಓಡುತ್ತಿದೆ ಎಂದು ಹೊರಡುವ ವಾರ ಕೇಳಿ, ಓಡುವ ಭಾಗಕ್ಕೆ ತಕ್ಕಂತೆ ದಾರಿ ಬದಲಿಸಿ.

ಈ ಇಳಿಜಾರುಗಳಲ್ಲಿ ಚಹಾಕ್ಕೆ ಮುಂಚೆ ಇದ್ದದ್ದು ಕಾಫಿ. 1869ರಿಂದ ಹರಡಿದ ಎಲೆತುಕ್ಕು ರೋಗ ತೋಟಗಳನ್ನು ತಿಂದುಹಾಕಿತು. ಅದಕ್ಕೆ ಎರಡು ವರ್ಷ ಮೊದಲೇ, 1867ರಲ್ಲಿ, ಜೇಮ್ಸ್ ಟೇಲರ್ ಎಂಬ ಸ್ಕಾಟ್ಲೆಂಡಿನವನು ಲೂಲ್‌ಕಂದುರದಲ್ಲಿ ಚಹಾ ಹಾಕಿದ್ದ. ಅದು ಉಳಿಯಿತು, ಬೆಳೆಯಿತು. ಎಲೆ ಕೀಳುವ ಹೆಂಗಸರಲ್ಲಿ ಹೆಚ್ಚಿನವರು ಬ್ರಿಟಿಷರು ತಮಿಳುನಾಡಿನಿಂದ ಕರೆತಂದವರ ಸಂತತಿ. 1948ರ ಪೌರತ್ವ ಕಾನೂನು ಅವರಲ್ಲಿ ಬಹುಪಾಲು ಜನರನ್ನು ಯಾವ ದೇಶಕ್ಕೂ ಸೇರದವರನ್ನಾಗಿ ಮಾಡಿತ್ತು, ಅದು ಸರಿಹೋಗಲು ದಶಕಗಳೇ ಹಿಡಿದವು. ರಸ್ತೆಬದಿಯಿಂದ ಅವರ ಫೋಟೊ ಹೊಡೆದು ವ್ಯಾನು ಹತ್ತಬೇಡಿ. ಇಳಿದು ಎರಡು ಮಾತಾಡಿ. ಅಪ್ಪನ ಅರೆಬರೆ ತಮಿಳಿಗೆ ಒಬ್ಬರು ‘ನಮ್ಮ ಅಜ್ಜನ ಊರು ತಿರುಚ್ಚಿ ಕಡೆ’ ಅಂದರು. ಅವರು ತಿರುಚ್ಚಿ ನೋಡಿಲ್ಲ.

ನುವರ ಎಲಿಯದ ಹತ್ತಿರದ ಸೀತಾ ಎಲಿಯದಲ್ಲಿ ಸೀತಮ್ಮನ ಗುಡಿ ಇದೆ, ಅಶೋಕವನ ಅದೇ ಎಂಬ ನಂಬಿಕೆ. ಅಮ್ಮನಿಗೆ ಇಡೀ ಲಂಕೆಯಲ್ಲಿ ಬೇಕಿದ್ದುದು ಇದೊಂದೇ ಆಗಿತ್ತು. ಪಕ್ಕದಲ್ಲಿ ಹರಿಯುವ ಹಳ್ಳದ ಬಂಡೆಯ ಮೇಲೆ ಹನುಮನ ಹೆಜ್ಜೆ ಎಂದು ತೋರಿಸುವ ಗುರುತಿಗೆ ಕೈಮುಗಿದರು. ನಾನು ಓಯಕ್ಕೆ ಹೋಗುವ ಮುನ್ನ ಇಲ್ಲಿಗೆ ಒಂದು ಗಂಟೆ ಮೀಸಲಿಡಿ.

ಎಲ್ಲದಲ್ಲಿ 1921ರ ಒಂಬತ್ತು ಕಮಾನಿನ ಸೇತುವೆ ನೋಡಲು ಬೆಳಿಗ್ಗೆ ಬೇಗ ಹೋಗಿ. ಪುಟ್ಟ ಶ್ರೀಪಾದ ಬೆಟ್ಟ ಸುಲಭ. ಎಲ್ಲ ರಾಕ್ ಹತ್ತುವುದಾದರೆ ಮಳೆಯ ಮಾರನೇ ದಿನ ಇಂಬಳ ಇರುತ್ತದೆ, ನಶ್ಯವೋ ಸುಣ್ಣವೋ ನಿಮ್ಮ ಮನೆಯ ಮದ್ದು ಒಯ್ಯಿರಿ.

ಊಟದ ಮಾತು

ಸಸ್ಯಾಹಾರಿಗಳು ಇದನ್ನು ಎರಡು ಸಲ ಓದಿ. ಅನ್ನದ ಜೊತೆ ಬೇಳೆ, ಎಳೆ ಹಲಸಿನ ಪಲ್ಯ, ಬೀಟ್‌ರೂಟ್, ಕಾಯಿಚಟ್ನಿಯಂಥ ಪೊಳ್ ಸಂಬೋಲ, ಎಲ್ಲ ಕಣ್ಣಿಗೆ ಶುದ್ಧ ಸಸ್ಯಾಹಾರ. ಆದರೆ ‘ಉಂಬಲಕಡ’ ಎಂಬ ಒಣಮೀನಿನ ಪುಡಿಯನ್ನು ಚಟ್ನಿಗೂ ಪಲ್ಯಕ್ಕೂ ಒಗ್ಗರಣೆಯಂತೆ ಹಾಕುತ್ತಾರೆ. ಅವರ ಪ್ರಕಾರ ಅದು ಮೀನೂಟ ಅಲ್ಲ, ರುಚಿಗೆ ಅಷ್ಟೆ. ಮೊದಲ ಪ್ರವಾಸದಲ್ಲಿ ಅಮ್ಮ ಮೂರನೇ ತುತ್ತಿಗೆ ತಟ್ಟೆ ಸರಿಸಿ ಎದ್ದು ಹೋಗಿದ್ದರು. ಬಡಿಸಿದ ಹೆಣ್ಣುಮಗಳಿಗೆ ಏನು ತಪ್ಪಾಯಿತೆಂದೇ ತಿಳಿಯಲಿಲ್ಲ, ಅವಳ ಕಣ್ಣಲ್ಲೂ ನೀರು. ‘ಸಸ್ಯಾಹಾರ’ ಎಂದರೆ ಸಾಲದು, ‘ಮಸ್ ಎಪಾ, ಮಾಳು ಎಪಾ, ಉಂಬಲಕಡ ಎಪಾ’ ಎಂದು ಬಿಡಿಸಿ ಹೇಳಬೇಕು: ಮಾಂಸ ಬೇಡ, ಮೀನು ಬೇಡ, ಒಣಮೀನು ಬೇಡ. ಎರಡನೇ ಸಲ ಗೈಡ್ ಪ್ರತಿ ಊಟಕ್ಕೂ ಮುಂಚೆ ಅಡುಗೆಮನೆಗೇ ಹೋಗಿ ಹೇಳಿ ಬರುತ್ತಿದ್ದರು. ತಮಿಳರು ನಡೆಸುವ ಸೈವ ಹೋಟೆಲುಗಳಲ್ಲಿ ದೋಸೆ, ವಡೆ ನಿರಾತಂಕವಾಗಿ ತಿನ್ನಬಹುದು. ಬೆಳಗಿನ ಇಂದಿ ಆಪ್ಪ ನಮ್ಮ ಒತ್ತುಶ್ಯಾವಿಗೆಯೇ, ತೆಂಗಿನಹಾಲಿನ ಸಾರಿನ ಜೊತೆ ಅಪ್ಪನಿಗೆ ದಿನವೂ ಅದೇ ಬೇಕು.

ಗೈಡ್ ಅವರನ್ನು ನಿಮ್ಮ ಜೊತೆ ಊಟಕ್ಕೆ ಕರೆಯಿರಿ, ಒತ್ತಾಯ ಬೇಡ. ಕೆಲವರಿಗೆ ಆ ಅರ್ಧ ಗಂಟೆ ಬೇರೆ ಚಾಲಕರ ಜೊತೆ ಕೂರುವುದೇ ಇಷ್ಟ. ಹೆಸರಿಡಿದು ಕರೆಯುವ ಬದಲು ನಿಮಗಿಂತ ದೊಡ್ಡವರಾದರೆ ‘ಅಯ್ಯಾ’ ಅನ್ನಿ, ಸಿಂಹಳದಲ್ಲಿ ಅಣ್ಣ ಎಂದರ್ಥ. ಚಿಕ್ಕವರಾದರೆ ‘ಮಲ್ಲಿ’. ಅಕ್ಕ, ಅಮ್ಮ ಎರಡೂ ಅಲ್ಲಿ ಅಕ್ಕ, ಅಮ್ಮನೇ. ನಮ್ಮ ಅಕ್ಕನನ್ನು ಅವರು ಮೊದಲ ದಿನದಿಂದಲೇ ‘ಅಕ್ಕಾ’ ಎಂದು ಕರೆದರು.

ಎಂಟರಿಂದ ಹತ್ತು: ಆನೆ, ಕೋಟೆ, ಕಡಲು

ಚಿರತೆಗಾಗಿ ಜನ ಯಾಳಕ್ಕೆ ಹೋಗುತ್ತಾರೆ. ಅಲ್ಲಿ ಒಂದು ಚಿರತೆಯ ಸುತ್ತ ಹತ್ತಾರು ಜೀಪು ನುಗ್ಗುತ್ತವೆ, ನನಗೆ ನೋಡಲಾಗಲಿಲ್ಲ. ಬಂಡೀಪುರ, ನಾಗರಹೊಳೆ ಕಂಡ ನಮಗೆ ಉಡವಲವೆ ಸಾಕು, ಬಯಲು ಕಾಡು, ಆನೆ ಕಾಣದೆ ಮರಳುವುದು ಅಪರೂಪ. ಎಲ್ಲದಿಂದ ಎರಡೂವರೆ ಗಂಟೆ. ತಾಯಿಯನ್ನು ಕಳೆದುಕೊಂಡ ಮರಿಗಳನ್ನು ಸಾಕಿ ಕಾಡಿಗೆ ಬಿಡುವ ಕೇಂದ್ರ ಅಲ್ಲಿದೆ. ಮಧ್ಯಾಹ್ನ ಹನ್ನೆರಡರ ಹಾಲೂಡಿಕೆಗೆ ಹೊಂದಿಸಿ ತಲುಪಿ, ಮೂರರ ಮೇಲೆ ಸಫಾರಿ. ಜೀಪಿನವರಿಗೆ ಹೊರಡುವ ಮುಂಚೆಯೇ ಹೇಳಿ: ಆನೆಗೆ ಅಡ್ಡ ಹಾಕಬೇಡಿ, ಓಡಿಸಬೇಡಿ. ಎಲ್ಲಿಯಾದರೂ ಆನೆ ಸವಾರಿ ಮಾಡಿಸುತ್ತೇವೆ ಎಂದರೆ ಬೇಡವೆನ್ನಿ.

ಒಂಬತ್ತನೇ ದಿನ ಗಾಲೆ. ಪೋರ್ಚುಗೀಸರು 1588ರಲ್ಲಿ ಕಟ್ಟಲು ಶುರುಮಾಡಿದ ಕೋಟೆಯನ್ನು ಡಚ್ಚರು ದೊಡ್ಡದು ಮಾಡಿದರು. ಹಳೆಯ ಬಾಗಿಲ ಒಳಮೈಯಲ್ಲಿ 1669 ಎಂಬ ಇಸವಿ, ಎರಡು ಸಿಂಹ, ಮೇಲೆ ಒಂದು ಹುಂಜ ಕೆತ್ತಿದೆ, ಮಕ್ಕಳಿಗೆ ಹುಡುಕಲು ಹೇಳಿ. 2004ರ ಡಿಸೆಂಬರ್ 26ರ ಸುನಾಮಿಯಲ್ಲಿ ಹೊರಗಿನ ಊರು ಕೊಚ್ಚಿಹೋದಾಗ ಈ ಗೋಡೆಗಳು ಒಳಗಿನವರನ್ನು ಕಾಪಾಡಿದವು. ಸಂಜೆ ಐದರ ಮೇಲೆ ಕೋಟೆಗೋಡೆಯ ಮೇಲೆ ಒಂದು ಸುತ್ತು ನಡೆಯಿರಿ. ಇಲ್ಲಿ ಗೈಡ್ ಬೇಕಿಲ್ಲ, ಅವರನ್ನು ವಿಶ್ರಾಂತಿಗೆ ಬಿಡಿ.

ಹತ್ತನೇ ದಿನ ಎಕ್ಸ್‌ಪ್ರೆಸ್‌ವೇಯಲ್ಲಿ ಮೂರು ಗಂಟೆಯಲ್ಲಿ ವಿಮಾನ ನಿಲ್ದಾಣ ಸೇರಬಹುದು. ವಿಮಾನ ರಾತ್ರಿಯದಾದರೆ ಹಳೆಯ ಗಾಲೆ ರಸ್ತೆಯಲ್ಲೇ ಬನ್ನಿ. ಪೆರಳಿಯದಲ್ಲಿ ಆ ಸುನಾಮಿ ಒಂದು ರೈಲನ್ನೇ ಹೊತ್ತೊಯ್ದು ಸಾವಿರಕ್ಕೂ ಹೆಚ್ಚು ಜನರನ್ನು ಬಲಿ ತೆಗೆದುಕೊಂಡ ಜಾಗದಲ್ಲಿ ಸ್ಮಾರಕವಿದೆ, ಎರಡು ನಿಮಿಷ ಇಳಿಯಿರಿ.

ಗೈಡ್‌ಗೆ ಕೊಡುವ ಇನಾಮನ್ನು ವಿಮಾನ ನಿಲ್ದಾಣದ ಗಡಿಬಿಡಿಯಲ್ಲಿ ಕೈಗೆ ತುರುಕಬೇಡಿ. ಎಲ್ಲರೂ ಸೇರಿ ಹಿಂದಿನ ರಾತ್ರಿಯೇ ಲಕೋಟೆಯಲ್ಲಿ ಹಾಕಿ, ಅಲ್ಲಿನ ನೋಟುಗಳಲ್ಲೇ, ಜೊತೆಗೆ ಎರಡು ಸಾಲು ಬರೆದು ಕೊಡಿ. ಅವರ ಕೆಲಸ ಮೆಚ್ಚಿಗೆಯಾಗಿದ್ದರೆ ಮುಂದಿನ ಪ್ರವಾಸಿಗರಿಗೆ ತೋರಿಸಲು ಆ ಎರಡು ಸಾಲು ಅವರಿಗೆ ಬೇಕಾಗುತ್ತದೆ. ನಾವು ಕೊಟ್ಟದ್ದು ಕಳುತರದಲ್ಲಿ. ಅಲ್ಲಿ ಬೋಧಿವೃಕ್ಷದ ಬಳಿ ಗಾಲೆ ರಸ್ತೆಯ ವಾಹನಗಳು ನಿಂತು ಹುಂಡಿಗೆ ಕಾಸು ಹಾಕಿ ಮುಂದೆ ಹೋಗುತ್ತವೆ. ಗೈಡ್ ಇಳಿದರು, ಅಂಗಿಯ ಜೇಬಿನಿಂದ ನಾಣ್ಯ ತೆಗೆದು ಹಣೆಗೆ ಒತ್ತಿ ಹುಂಡಿಗೆ ಹಾಕಿದರು. ಹಿಂದೆ ತಿರುಗಿ ನೋಡಿದರೆ ಅಮ್ಮನೂ ಚಪ್ಪಲಿ ಬಿಟ್ಟು ಇಳಿದು ಬಂದು, ಕೈಯಲ್ಲಿ ನಾಣ್ಯ ಹಿಡಿದು ಸರದಿಗೆ ಕಾಯುತ್ತಿದ್ದರು.